ಸಂಪು ಅಕ್ರಮ ಅಂತ ಹೇಳೋರು ಯಾರು? ಸಾಹೇಬರೋ, ಕೋರ್ಟೋ?

ಬಸ್ ನೌಕರರ ಸಂಪಿನ ದಿನ ಬೆಳಿಗ್ಗೆ ಕಮಲಾಪುರದ ಬಸ್ ನಿಲ್ದಾಣ ಹೇಗಿರುತ್ತದೆ ಎಂಬುದನ್ನು ದಿನಾ ಓಡಾಡುವವರಿಗೆ ಹೇಳಬೇಕಾಗಿಲ್ಲ. ಕೆಂಪು ಬಾಳೆಹಣ್ಣಿನ ಬುಟ್ಟಿ ಇಳಿಸಿಕೊಂಡು ಕುಳಿತ ಹೆಣ್ಣುಮಕ್ಕಳು, ಕಲಬುರಗಿ ಕಾಲೇಜಿಗೆ ಹೊರಟ ಹುಡುಗರು, ನೆಹರೂ ಗಂಜಿನ ಅಡತಿ ಅಂಗಡಿಯಲ್ಲಿ ಲೆಕ್ಕ ಬರೆಯುವ ಗುಮಾಸ್ತ, ಸೂಪರ್ ಮಾರ್ಕೆಟ್ಟಿನಲ್ಲಿ ದುಕಾನ ಇಟ್ಟವ. ಎಲ್ಲರ ಕಣ್ಣೂ ಹುಮನಾಬಾದ್ ಕಡೆಯ ರಸ್ತೆಯ ಮೇಲೆ. ಅಲ್ಲಿ ನಡೆಯುವ ಮಾತೂ ಪ್ರತಿ ಸಲ ಒಂದೇ.

"ಯಣ್ಣಾ, ಕಲಬುರಗಿ ಬಸ್ಸ ಎಷ್ಟೊತ್ತಿಗಿ ಬರ್ತದ?"

"ಇವತ್ತ ಬರಂಗಿಲ್ಲವ್ವಾ. ಸಂಪ್ ಅದ."

"ಹಿಂಗ ದಿಢೀರ್ ಸಂಪ್ ಮಾಡೋದು ಕಾಯ್ದೆ ಪ್ರಕಾರ ಅದನೋ ಇಲ್ಲೋ?" ಎಂದು ದುಕಾನದವ ನಡುವೆ ಬಾಯಿ ಹಾಕುತ್ತಾನೆ.

"ಅದು ನಮಗೇನ್ ಗೊತ್ತ್ರಿ ಸಾವಕಾರ್ರ? ಮ್ಯಾಲಿನ ಸಾಹೇಬ್ರು ಅಕ್ರಮ ಅಂತಾರ. ಯೂನಿಯನ್ನಿನೋರು ನಮ್ಮ ಹಕ್ಕು ಅಂತಾರ."

ಅಷ್ಟರಲ್ಲಿ ಒಂದು ಟಂಟಂ ಬಂದು ನಿಲ್ಲುತ್ತದೆ. ಎರಡು ಪಟ್ಟು ಬಾಡಿಗೆ ಹೇಳುತ್ತದೆ. ಜನ ಬೈಯುತ್ತಲೇ ಹತ್ತುತ್ತಾರೆ. ಮಹಾಗಾಂವ್ ಕ್ರಾಸು, ಕುರಿಕೋಟಾ ಸೇತುವೆ ದಾಟಿ ಕಲಬುರಗಿ ಮುಟ್ಟುವ ತನಕ ಬೈಗುಳ ನಿಲ್ಲುವುದಿಲ್ಲ. ಒಬ್ಬ ಸರ್ಕಾರವನ್ನು ಬೈದರೆ ಇನ್ನೊಬ್ಬ ಡ್ರೈವರ್ ಕಂಡಕ್ಟರುಗಳನ್ನು ಬೈಯುತ್ತಾನೆ. ಆದರೆ ದುಕಾನದವ ಕೇಳಿದ ಪ್ರಶ್ನೆ ಮಾತ್ರ ನಿಲ್ದಾಣದಲ್ಲೇ ಉಳಿದುಬಿಡುತ್ತದೆ. ಈ ಸಂಪು ಸಕ್ರಮವೋ ಅಕ್ರಮವೋ ಎಂದು ತೀರ್ಮಾನಿಸುವ ಅಧಿಕಾರ ನಿಜಕ್ಕೂ ಯಾರಿಗಿದೆ?

ಇದು ಬರೀ ವಕೀಲರ ತಕರಾರು ಎಂದು ತಳ್ಳಿಹಾಕುವ ವಿಷಯವಲ್ಲ. "ಅಕ್ರಮ" ಎಂಬ ಒಂದು ಶಬ್ದದ ಮೇಲೆ ಕಂಡಕ್ಟರನ ಪಗಾರ ನಿಂತಿದೆ, ನೌಕರಿ ನಿಂತಿದೆ. ಆ ಶಬ್ದ ಯಾರ ಬಾಯಿಂದ ಬಂತು ಎಂಬುದು ಆದ್ದರಿಂದಲೇ ಮುಖ್ಯ.

ಎರಡು ಸಂಪು, ಎರಡು ಆದೇಶ

ಇತ್ತೀಚಿನ ಎರಡು ಸಂಪುಗಳನ್ನು ಜ್ಞಾಪಿಸಿಕೊಂಡರೆ ವಿಷಯ ತಿಳಿಯಾಗುತ್ತದೆ.

ಮೊದಲನೆಯದು 2021ರದ್ದು. ಆರನೇ ವೇತನ ಆಯೋಗದ ಪ್ರಕಾರ ಪಗಾರ ಕೊಡಿ ಎಂದು ರಾಜ್ಯದ ನಾಲ್ಕೂ ಸಾರಿಗೆ ನಿಗಮಗಳ ನೌಕರರು ಏಪ್ರಿಲ್ 7ರಿಂದ ಕೆಲಸ ನಿಲ್ಲಿಸಿದರು. ಕಲಬುರಗಿಯಲ್ಲಿ ಮುಖ್ಯ ಕಚೇರಿ ಇರುವ, ಆ ವರ್ಷವೇ ಈಶಾನ್ಯ ಹೆಸರು ಹೋಗಿ ಕಲ್ಯಾಣ ಕರ್ನಾಟಕ ಎಂದಾದ ನಮ್ಮ ನಿಗಮವೂ ಅದರಲ್ಲಿತ್ತು. ಕೊರೋನಾ ಎರಡನೇ ಅಲೆಯ ಕಾಲ. ಸಾರ್ವಜನಿಕ ಹಿತಾಸಕ್ತಿ ಅರ್ಜಿ ಹೈಕೋರ್ಟಿಗೆ ಹೋಯಿತು. ಸಂಪು ಬಿಟ್ಟು ಬಸ್ಸು ಓಡಿಸಿ ಎಂದು ಹೈಕೋರ್ಟ್ ಹೇಳಿದ ಬೆನ್ನಿಗೇ ಏಪ್ರಿಲ್ 21ರಂದು ಸಂಪು ಹಿಂದೆಗೆದುಕೊಂಡರು. ಹದಿನೈದು ದಿನದ ಈ ಅವಧಿಯಲ್ಲಿ ಅನೇಕರಿಗೆ ವರ್ಗ, ಅಮಾನತು, ವಜಾ ಆದೇಶಗಳು ಬಂದಿದ್ದವು. ಮುಂದೆ ಹಲವರನ್ನು ಮರಳಿ ತೆಗೆದುಕೊಂಡರು. ಕೆಲವರು ಕಾರ್ಮಿಕ ಕೋರ್ಟಿನ ಮೆಟ್ಟಿಲು ಹತ್ತಬೇಕಾಯಿತು.

ಎರಡನೆಯದು 2025ರದ್ದು. 2020ರ ಜನವರಿಯಿಂದ ಜಾರಿಗೆ ಬರಬೇಕಿದ್ದ ಪಗಾರ ಹೆಚ್ಚಳ ಕೈಗೆ ಸಿಕ್ಕಿದ್ದು 2023ರ ಮಾರ್ಚಿನಲ್ಲಿ. ನಡುವಿನ 38 ತಿಂಗಳ ಬಾಕಿ, ಸುಮಾರು 1,785 ಕೋಟಿ ರೂಪಾಯಿ, ಕೊಡಿ ಎಂಬುದು ಒಂದು ಬೇಡಿಕೆ. 2024ರ ಜನವರಿಯಿಂದ ಹೊಸ ಪರಿಷ್ಕರಣೆ ಆಗಲಿ ಎಂಬುದು ಇನ್ನೊಂದು. ಆಗಸ್ಟ್ 5ರಂದು ಸಂಪು ಎಂದು ಜಂಟಿ ಕ್ರಿಯಾ ಸಮಿತಿ ಘೋಷಿಸಿತು. ಹಿಂದಿನ ದಿನವೇ ಹೈಕೋರ್ಟ್ ಒಂದು ದಿನ ತಡೆಯಿರಿ ಎಂದಿತು. ಆದರೂ 5ರಂದು ಬೆಳಿಗ್ಗೆ ರಾಜ್ಯದ ಬಹಳಷ್ಟು ಕಡೆ ಬಸ್ಸುಗಳು ಡಿಪೋ ಬಿಟ್ಟು ಹೊರಬರಲಿಲ್ಲ. ಹೈಕೋರ್ಟ್ ಗದರಿಸಿದ ಮೇಲೆ ಅಂದೇ ಸಂಪು ಮುಂದೂಡಲಾಯಿತು.

ಎರಡೂ ಸಲ ಹೈಕೋರ್ಟ್ ಮಾಡಿದ್ದೇನು? ಸಂಪು ನಿಲ್ಲಿಸಿತು. ಜನರಿಗೆ ಬಸ್ಸು ಸಿಕ್ಕಿತು. ಅದು ಆ ಹೊತ್ತಿನ ಅವಸರದ ಕೆಲಸ. ಆದರೆ ಸಂಪನ್ನು ನಿಲ್ಲಿಸುವುದೇ ಬೇರೆ, ಸಂಪು ಅಕ್ರಮವಾಗಿತ್ತೇ ಎಂದು ಎರಡೂ ಕಡೆಯ ಸಾಕ್ಷಿ, ಕಾಗದಪತ್ರ ನೋಡಿ ತೀರ್ಪು ಕೊಡುವುದೇ ಬೇರೆ. ಬೆಂಕಿ ಬಿದ್ದಾಗ ನೀರು ಹಾಕುವವನು ಬೆಂಕಿ ಹಚ್ಚಿದವರು ಯಾರು ಎಂಬ ತನಿಖೆಗೆ ಕೂಡ್ರುವುದಿಲ್ಲ. ಆ ಎರಡನೇ ಕೆಲಸಕ್ಕೆ ಕಾಯ್ದೆ ಬೇರೆಯೇ ಒಂದು ಕೋರ್ಟನ್ನು ನೇಮಿಸಿತ್ತು.

ಕಾಯ್ದೆಯಲ್ಲಿ ಬರೆದದ್ದು

1947ರ ಕೈಗಾರಿಕಾ ವಿವಾದಗಳ ಕಾಯ್ದೆ ಎಪ್ಪತ್ತೆಂಟು ವರ್ಷ ಈ ದೇಶದ ಕಾರ್ಮಿಕ ವ್ಯವಹಾರವನ್ನು ಆಳಿತು. ಅದರ ಕೊನೆಗೆ ಎರಡು ಪಟ್ಟಿಗಳಿದ್ದವು. ಎರಡನೇ ಅನುಸೂಚಿ ಕಾರ್ಮಿಕ ಕೋರ್ಟಿನ ಪಾಲಿನ ಕೆಲಸಗಳದ್ದು. ಮೂರನೇ ಅನುಸೂಚಿ ಕೈಗಾರಿಕಾ ನ್ಯಾಯಮಂಡಳಿ, ಅಂದರೆ ಟ್ರಿಬ್ಯುನಲ್ಲಿನ ಪಾಲಿನದು.

ಪಗಾರ, ಬೋನಸ್, ಕೆಲಸದ ತಾಸು, ರಜೆ ಇಂಥ ದೊಡ್ಡ ವಿಷಯಗಳು ಟ್ರಿಬ್ಯುನಲ್ಲಿನ ಪಟ್ಟಿಯಲ್ಲಿದ್ದವು. ವಜಾ ಸರಿಯೋ ತಪ್ಪೋ ಎಂಬಂಥವು ಕಾರ್ಮಿಕ ಕೋರ್ಟಿನ ಪಟ್ಟಿಯಲ್ಲಿ. ಅದೇ ಪಟ್ಟಿಯ ಐದನೇ ಸಾಲು ಹೀಗಿತ್ತು: ಸಂಪು ಅಥವಾ ಲಾಕೌಟು ಅಕ್ರಮವೋ ಅಲ್ಲವೋ ಎಂಬುದು.

ಅಂದರೆ ದುಕಾನದವನ ಪ್ರಶ್ನೆಗೆ ಉತ್ತರ ಅಲ್ಲಿಯೇ ಇತ್ತು. ನಿಗಮದ ಸಾಹೇಬರಲ್ಲ, ಮಂತ್ರಿಗಳಲ್ಲ, ಯೂನಿಯನ್ ಅಧ್ಯಕ್ಷರೂ ಅಲ್ಲ. ಕಾರ್ಮಿಕ ನ್ಯಾಯಾಲಯ. ಕಲಬುರಗಿಗೆ ಅಂಥದೊಂದು ಕೋರ್ಟು ಇದೆ ಎಂಬುದು ಊರಿನ ಎಷ್ಟೋ ಜನಕ್ಕೆ ಗೊತ್ತಿಲ್ಲ. ವಜಾ ಆದ ಡ್ರೈವರ್ ಕಂಡಕ್ಟರುಗಳಿಗೆ ಮಾತ್ರ ಅದರ ಬಾಗಿಲು ಚೆನ್ನಾಗಿ ಗೊತ್ತು.

ಇಲ್ಲೊಂದು ಮಾತು ಸೇರಿಸಬೇಕು. ಸರ್ಕಾರ ಬೇಕೆಂದರೆ ಎರಡನೇ ಪಟ್ಟಿಯ ವಿಷಯವನ್ನೂ ಟ್ರಿಬ್ಯುನಲ್ಲಿಗೇ ಒಪ್ಪಿಸಬಹುದಿತ್ತು. ಪಗಾರದ ಜಗಳ ಒಂದು ಕೋರ್ಟಿಗೆ, ಸಂಪಿನ ಜಗಳ ಇನ್ನೊಂದಕ್ಕೆ ಎಂದು ಅಲೆದಾಟ ಬೇಡವಾದರೆ ಅದಕ್ಕೂ ದಾರಿ ಇತ್ತು.

ಇನ್ನು ಸಂಪು ಅಕ್ರಮವಾಗುವುದು ಯಾವಾಗ? ಜನರಿಗೆ ತೊಂದರೆಯಾಯಿತು ಎಂದ ಮಾತ್ರಕ್ಕೆ ಅಲ್ಲ. ತೊಂದರೆಯಾಗದ ಸಂಪು ಯಾವುದಿದೆ? ಕಾಯ್ದೆ ಹೇಳಿದ ಕಟ್ಟಳೆ ಮುರಿದರೆ ಮಾತ್ರ ಅಕ್ರಮ. ಬಸ್ಸಿನಂಥ ಸೇವೆಯನ್ನು ಸರ್ಕಾರ "ಸಾರ್ವಜನಿಕ ಉಪಯುಕ್ತ ಸೇವೆ" ಎಂದು ಘೋಷಿಸಿದ್ದರೆ ನೋಟೀಸು ಕೊಡದೆ ಸಂಪು ಹೂಡುವಂತಿರಲಿಲ್ಲ. ನೋಟೀಸು ಕೊಟ್ಟು 14 ದಿನ ಕಳೆಯಬೇಕಿತ್ತು. ಸಂಧಾನಾಧಿಕಾರಿಯ ಮುಂದೆ ಮಾತುಕತೆ ನಡೆದಿರುವಾಗಲೂ, ಅದು ಮುಗಿದು ಏಳು ದಿನದ ತನಕವೂ ಸಂಪು ಮಾಡುವಂತಿರಲಿಲ್ಲ.

ಕೇಳುವುದಕ್ಕೆ ಸರಳ. ಆದರೆ ಪ್ರತಿಯೊಂದಕ್ಕೂ ಪುರಾವೆ ಬೇಕು. ನೋಟೀಸು ಯಾವ ತಾರೀಕಿಗೆ ಮುಟ್ಟಿತು? ಘೋಷಣೆಯ ಅವಧಿ ಮುಗಿದಿತ್ತೋ ಇಲ್ಲವೋ? ಅಂಥ ಘೋಷಣೆಗೆ ಆರು ತಿಂಗಳ ಮಿತಿ, ಮುಗಿದರೆ ಮತ್ತೆ ಹೊರಡಿಸಬೇಕು. ಸಂಧಾನ ಯಾವ ದಿನ ಮುಗಿಯಿತು? ಹದಿನಾಲ್ಕು ದಿನಕ್ಕೆ ಸಂಧಾನ ಮುಗಿಯಿತು ಎಂದುಕೊಂಡವರಿಗೆ 1959ರಲ್ಲೇ ಸುಪ್ರೀಂ ಕೋರ್ಟ್ ಬೇರೆ ಉತ್ತರ ಕೊಟ್ಟಿತ್ತು. ಅದೂ ಬಸ್ಸಿನದ್ದೇ ಕೇಸು, ಮುಂಬಯಿಯ ಅಂಧೇರಿ-ಮರೋಳ-ಕುರ್ಲಾ ಬಸ್ ಸರ್ವಿಸಿನದು. ದಿನದ ಲೆಕ್ಕ ದಾಟಿದರೂ ಅಧಿಕಾರಿಯ ವರದಿ ಸರ್ಕಾರದ ಕೈ ಸೇರುವ ತನಕ ಸಂಧಾನ ಮುಗಿದಂತಲ್ಲ ಎಂದು ಕೋರ್ಟ್ ಹೇಳಿತು. ಹೀಗಾಗಿ ಒಂದು ವರದಿ ಒಂದು ಮೇಜಿನ ಮೇಲೆ ತಡವಾಗಿ ಕೂತರೂ ಸಾಕು, ಸಕ್ರಮ ಎಂದುಕೊಂಡ ಸಂಪು ಅಕ್ರಮ ಆಗುವ ಸಂಭವವಿತ್ತು.

ಇಷ್ಟೆಲ್ಲ ತಾರೀಕು ನೋಡದೆ, ಬೆಳಿಗ್ಗೆ ಆರು ಗಂಟೆಗೆ ಮೈಕಿನ ಮುಂದೆ ನಿಂತು "ಅಕ್ರಮ" ಎನ್ನುವುದೂ "ನೂರಕ್ಕೆ ನೂರು ಸಕ್ರಮ" ಎನ್ನುವುದೂ ಬರೀ ಬಾಯಿಮಾತು.

ಬ್ಯಾಂಕಿನವರ ಒಂದು ದಿನದ ಪಗಾರ

ಈ ಮಾತಿಗೆ ಗಟ್ಟಿ ಮುದ್ರೆ ಒತ್ತಿದ್ದು ನಮ್ಮ ಕರ್ನಾಟಕದಿಂದಲೇ ಹೋದ ಒಂದು ಕೇಸು. ಮಣಿಪಾಲದಲ್ಲಿ ಮುಖ್ಯ ಕಚೇರಿ ಇದ್ದ, 2020ರಲ್ಲಿ ಕೆನರಾ ಬ್ಯಾಂಕಿನೊಳಗೆ ವಿಲೀನವಾದ ಸಿಂಡಿಕೇಟ್ ಬ್ಯಾಂಕಿನದು. 1989ರ ಅಕ್ಟೋಬರಿನಲ್ಲಿ ಸಂಧಾನ ನಡೆದಿರುವಾಗ ಅಲ್ಲಿಯ ನೌಕರರು ಒಂದು ದಿನ ಸಂಪು ಮಾಡಿದರು. ಬ್ಯಾಂಕು ಆ ದಿನದ ಪಗಾರ ಹಿಡಿಯಿತು. ನೌಕರರು ಹೈಕೋರ್ಟಿಗೆ ಹೋಗಿ ಗೆದ್ದರು. ಬ್ಯಾಂಕು ಸುಪ್ರೀಂ ಕೋರ್ಟಿಗೆ ಹೋಯಿತು.

ಸಿಂಡಿಕೇಟ್ ಬ್ಯಾಂಕ್ ವಿರುದ್ಧ ಉಮೇಶ್ ನಾಯಕ್ ಎಂದು ಹೆಸರಾದ ಈ ಕೇಸಿನಲ್ಲಿ 1994ರಲ್ಲಿ ಐದು ನ್ಯಾಯಮೂರ್ತಿಗಳ ಸಂವಿಧಾನ ಪೀಠ ಎರಡು ಮಾತು ಹೇಳಿತು. ಒಂದು, ಸಂಪಿನ ದಿನಗಳ ಪಗಾರ ಬೇಕಾದರೆ ಸಂಪು ಕಾಯ್ದೆಬದ್ಧವೂ ಆಗಿರಬೇಕು, ನ್ಯಾಯವಾದ ಕಾರಣದ್ದೂ ಆಗಿರಬೇಕು. ಎರಡರಲ್ಲಿ ಒಂದಿದ್ದರೆ ಸಾಲದು. ಎರಡು, ಇವೆರಡೂ ವಾಸ್ತವಾಂಶದ ಪ್ರಶ್ನೆಗಳು. ಸಾಕ್ಷಿ ಪಡೆದು ಇದನ್ನು ಮೊದಲು ತೀರ್ಮಾನಿಸಬೇಕಾದವರು ಕಾರ್ಮಿಕ ಕೋರ್ಟು, ಟ್ರಿಬ್ಯುನಲ್ಲಿನಂಥ ಕೈಗಾರಿಕಾ ನ್ಯಾಯಾಧಿಕಾರಿಗಳು. ರಿಟ್ ಅರ್ಜಿಯ ಮೇಲೆ ಹೈಕೋರ್ಟು ನೇರವಾಗಿ ಹೇಳುವ ವಿಷಯ ಇದಲ್ಲ.

ಲೆಕ್ಕ ಹಾಕಿ ನೋಡಿ. ಒಂದು ದಿನದ ಪಗಾರಕ್ಕೆ ಐದು ವರ್ಷ. ಐದು ವರ್ಷದ ಕೊನೆಗೆ ಸಿಕ್ಕ ಉತ್ತರ, ನೀವು ತಟ್ಟಬೇಕಿದ್ದ ಬಾಗಿಲು ಇದಲ್ಲ ಎಂಬುದು.

ವರ ಕೊಡದ ಪೂಜಾರಿ

ಹಾಗಾದರೆ ಕಾರ್ಮಿಕ ಕೋರ್ಟು ಊರಲ್ಲೇ ಇದ್ದಾಗ 2021ರಲ್ಲೋ 2025ರಲ್ಲೋ ಎರಡೂ ಕಡೆಯವರು ಮರುದಿನವೇ ಅಲ್ಲಿಗೆ ಯಾಕೆ ಓಡಲಿಲ್ಲ? ಅದಕ್ಕೆ ಕಾರಣ ಕಾಯ್ದೆಯಲ್ಲೇ ಇತ್ತು. ಸಂಪಿನ ವಿವಾದವನ್ನು ಯೂನಿಯನ್ನಾಗಲಿ ನಿಗಮವಾಗಲಿ ನೆಟ್ಟಗೆ ಕೋರ್ಟಿಗೆ ಒಯ್ಯುವಂತಿರಲಿಲ್ಲ. ಹತ್ತನೇ ಕಲಮಿನ ಕೆಳಗೆ ಸರ್ಕಾರ ಒಪ್ಪಿಸಬೇಕಿತ್ತು. ಸರ್ಕಾರದ ಸಹಿ ಬೀಳದೆ ಕೋರ್ಟಿನ ಕೈಗೆ ಕೇಸೇ ಬರುತ್ತಿರಲಿಲ್ಲ. ದೇವರು ವರ ಕೊಟ್ಟರೂ ಪೂಜಾರಿ ಕೊಡ ಎಂಬ ಗಾದೆ ಇಂಥದಕ್ಕೇ ಹುಟ್ಟಿದ್ದು.

ಖಾಸಗಿ ಗಿರಣಿಯಲ್ಲಿ ಸಂಪಾದರೆ ಸರ್ಕಾರ ಮೂರನೆಯವನು. ಮಾಲೀಕ ಒಂದು ಕಡೆ, ಕೂಲಿಕಾರ ಒಂದು ಕಡೆ, ನಡುವೆ ಸರ್ಕಾರ. ಬಸ್ಸಿನಲ್ಲಿ ಹಾಗಲ್ಲ. ನಿಗಮದ ಒಡೆತನ ಸರ್ಕಾರದ್ದು. ಸಾರ್ವಜನಿಕ ಉಪಯುಕ್ತ ಸೇವೆ ಎಂದು ಘೋಷಿಸುವುದು ಸರ್ಕಾರ. ಸಂಧಾನಾಧಿಕಾರಿ ಸರ್ಕಾರದ ಕಾರ್ಮಿಕ ಇಲಾಖೆಯವರು. ವಿವಾದವನ್ನು ಕೋರ್ಟಿಗೆ ಒಪ್ಪಿಸುವುದೂ, ಒಪ್ಪಿಸಿದ ಮೇಲೆ ಸಂಪು ಮುಂದುವರಿಸಬೇಡಿ ಎಂದು ಆದೇಶ ಮಾಡುವುದೂ ಸರ್ಕಾರವೇ. ಕಬಡ್ಡಿಯಲ್ಲಿ ಒಂದು ತಂಡದ ಯಜಮಾನನೇ ಸೀಟಿ ಊದಿದಂತೆ. ಅವನು ಪ್ರಾಮಾಣಿಕನೇ ಇರಬಹುದು. ಆದರೂ ಸೋತವನಿಗೆ ಸಮಾಧಾನ ಎಲ್ಲಿಂದ ಬರಬೇಕು?

ಹಾಗೆಂದು ಯೂನಿಯನ್ನಿನವರು ಎಲ್ಲ ಕಟ್ಟಳೆ ಪಾಲಿಸಿದವರು ಎನ್ನುವಂತೆಯೂ ಇಲ್ಲ. ಮಾತುಕತೆಗೆ ಕೂತು ಎದ್ದವರು ಸಂಧಾನ ಮುಗಿಯಿತೋ ಇಲ್ಲವೋ ನೋಡದೆ ತಾರೀಕು ಘೋಷಿಸುವುದುಂಟು. ಹೈಕೋರ್ಟ್ ಒಂದು ದಿನ ತಡೆಯಿರಿ ಎಂದ ಮೇಲೂ ಬೆಳಿಗ್ಗೆ ಬಸ್ಸು ನಿಂತರೆ, ಕಾಯ್ದೆಯ ಆಸರೆ ಕೇಳುವ ಬಾಯಿಗೆ ಬಲ ಕಡಿಮೆಯಾಗುತ್ತದೆ. ಗಂಡ ಹೆಂಡಿರ ಜಗಳದಲ್ಲಿ ಕೂಸು ಬಡವಾಯಿತು ಎಂಬಂತೆ ನಡುವೆ ನಿಲ್ದಾಣದಲ್ಲಿ ನಿಂತ ಪ್ಯಾಸೆಂಜರನ ಮಾತು ಎರಡೂ ಕಡೆಯವರಿಗೂ ನೆನಪಿರುವುದಿಲ್ಲ.

ಅಕ್ರಮ ಅಂತಾದರೆ ಏನಾಗುತ್ತದೆ?

ಹಳೇ ಕಾಯ್ದೆಯಲ್ಲಿ ಅಕ್ರಮ ಸಂಪಿಗೆ ಒಂದು ತಿಂಗಳವರೆಗೆ ಸಜೆ, ಇಲ್ಲವೇ 50 ರೂಪಾಯಿವರೆಗೆ ದಂಡ, ಇಲ್ಲವೇ ಎರಡೂ. ಈ ಶಿಕ್ಷೆ ವಿಧಿಸುವುದು ಕಾರ್ಮಿಕ ಕೋರ್ಟಲ್ಲ, ಮ್ಯಾಜಿಸ್ಟ್ರೇಟ್ ಕೋರ್ಟು. ಅದಕ್ಕೂ ಸರ್ಕಾರದ ಕಡೆಯಿಂದಲೇ ದೂರು ಹೋಗಬೇಕು. 50 ರೂಪಾಯಿ ದಂಡಕ್ಕೆ ಯಾರೂ ಹೆದರುತ್ತಿರಲಿಲ್ಲ. ಹೆದರಿಕೆ ಇದ್ದದ್ದು ಬೇರೆ ಕಡೆ.

ಒಬ್ಬ ಕಂಡಕ್ಟರ್ ಅಂತಿಟ್ಟುಕೊಳ್ಳಿ. ಕಮಲಾಪುರ ಕಡೆಯವನು, ಹದಿನೈದು ವರ್ಷದ ನೌಕರಿ, ಸೊಸೈಟಿ ಸಾಲ, ಇಬ್ಬರು ಮಕ್ಕಳ ಶಾಲೆ ಫೀಸು. ಸಂಪಿನ ದಿನ ಡ್ಯೂಟಿಗೆ ಹೋಗಲಿಲ್ಲ. ಹೋದರೆ ಜೊತೆಯವರ ಬೈಗುಳ, ಹೋಗದಿದ್ದರೆ ಮೇಲಿನವರ ನೋಟೀಸು. ಕೆಲಸ ಮಾಡದ ದಿನದ ಪಗಾರ ಹೋಗುವುದು ಮೊದಲನೆಯದು. ಹತ್ತು ಜನಕ್ಕಿಂತ ಕಡಿಮೆ ಇಲ್ಲದಂತೆ ಒಟ್ಟುಗೂಡಿ, ಮುನ್ಸೂಚನೆ ಕೊಡದೆ ಗೈರಾದರೆ, ನೌಕರಿಯ ಕರಾರಿನಲ್ಲಿ ಹಾಗೆ ಬರೆದಿದ್ದ ಪಕ್ಷಕ್ಕೆ ಎಂಟು ದಿನದವರೆಗೂ ಪಗಾರ ಹಿಡಿಯಬಹುದು ಎಂಬ ಕಲಮು ವೇತನ ಕಾಯ್ದೆಯಲ್ಲಿದೆ. "ಒಂದು ದಿನ ಸಂಪಿಗೆ ಎಂಟು ದಿನದ ಪಗಾರ ಕಟ್" ಎಂದು ಡಿಪೋಗಳಲ್ಲಿ ಆಡಿಕೊಳ್ಳುವ ಮಾತಿನ ಮೂಲ ಇದೇ. ಅದರ ಮೇಲೆ ವರ್ಗಾವಣೆ, ಅಮಾನತು, ಕೊನೆಗೆ ವಜಾ.

ವಜಾ ಆದವನಿಗೆ ಮಾತ್ರ ಒಂದು ಅನುಕೂಲ ಇತ್ತು. ಸರ್ಕಾರದ ಸಹಿಗೆ ಕಾಯದೆ ಆರು ತಿಂಗಳೊಳಗೆ ತಾನೇ ನೇರವಾಗಿ ಕಾರ್ಮಿಕ ಕೋರ್ಟಿಗೆ ಹೋಗಬಹುದು ಎಂದು ಕರ್ನಾಟಕವೇ 1988ರಲ್ಲಿ ತಿದ್ದುಪಡಿ ತಂದಿತ್ತು. ಸಂಪು ಅಕ್ರಮವೇ ಎಂಬ ಪ್ರಶ್ನೆ ಹೀಗೆ ಹಿಂಬಾಗಿಲಿನಿಂದ, ಒಬ್ಬೊಬ್ಬನ ವಜಾ ಕೇಸಿನ ಒಳಗೆ, ಸಂಪು ಮುಗಿದು ಎಷ್ಟೋ ಕಾಲಕ್ಕೆ ಕೋರ್ಟಿನ ಮುಂದೆ ಬರುತ್ತಿತ್ತು. ಊರು ಕೊಳ್ಳೆ ಹೋದ ಮೇಲೆ ಕೋಟೆ ಬಾಗಿಲು ಹಾಕಿದಂತೆ.

ಎಲ್ಲ ಬಂದ್ ಸಂಪಲ್ಲ

ಇಲ್ಲಿ ಬಜಾರಿನವರಿಗೆ ಸಂಬಂಧಿಸಿದ ಒಂದು ಗೊಂದಲ ಬಿಡಿಸಬೇಕು. ಬಂದ್ ದಿನ ದುಕಾನಗಳ ಷಟರ್ ಇಳಿಸುವುದು ಕಾಯ್ದೆಯ ಅರ್ಥದಲ್ಲಿ ಸಂಪಲ್ಲ. ಲಾರಿ ಮಾಲೀಕರು ಗಾಡಿ ನಿಲ್ಲಿಸಿದರೂ, ಸ್ವಂತ ಆಟೋ ಓಡಿಸುವವರು ಒಂದು ದಿನ ಬಂದ್ ಮಾಡಿದರೂ ಅದು ಸಂಪಲ್ಲ. ನೌಕರರು ಒಗ್ಗೂಡಿ ಕೆಲಸ ನಿಲ್ಲಿಸಿದರೆ ಮಾತ್ರ ಸಂಪು. ಬಂದ್ ವಿಷಯ ಕಾರ್ಮಿಕ ಕೋರ್ಟಿಗೆ ಬರುವುದೇ ಇಲ್ಲ. ಬಲವಂತದ ಬಂದ್ ಸಂವಿಧಾನಕ್ಕೆ ವಿರುದ್ಧ ಎಂದು 1997ರಲ್ಲಿ ಕೇರಳ ಹೈಕೋರ್ಟ್ ಕೊಟ್ಟ ತೀರ್ಪನ್ನು ಅದೇ ವರ್ಷ ಸುಪ್ರೀಂ ಕೋರ್ಟ್ ಒಪ್ಪಿತು. ಅದರ ದಾರಿಯೇ ಬೇರೆ.

ಸಂಪುಗಳಲ್ಲೂ ಎಲ್ಲದಕ್ಕೂ ಒಂದೇ ಕೋರ್ಟಲ್ಲ. ಬಸ್ ನಿಗಮದ ವಿವಾದ ರಾಜ್ಯ ಸರ್ಕಾರದ ವ್ಯಾಪ್ತಿ. ಬ್ಯಾಂಕು, ರೈಲ್ವೆ, ಗಣಿ, ಸಿಮೆಂಟು ಕೇಂದ್ರದ ವ್ಯಾಪ್ತಿ. ಸೂಪರ್ ಮಾರ್ಕೆಟ್ಟಿನ ಬ್ಯಾಂಕ್ ಶಾಖೆಯಲ್ಲಿ ಸಂಪಾದರೆ ಆ ಜಗಳ ಬೆಂಗಳೂರಿನಲ್ಲಿರುವ ಕೇಂದ್ರದ ಟ್ರಿಬ್ಯುನಲ್ಲಿನ ದಾರಿ ಹಿಡಿಯುತ್ತದೆ. ಅದರ ಎದುರಿಗೇ ನಿಲ್ಲುವ ಬಸ್ಸಿನ ಜಗಳಕ್ಕೆ ಕಲಬುರಗಿಯ ಕೋರ್ಟು. ಜಿಲ್ಲೆಯ ವಾಡಿ, ಸೇಡಂ ಕಡೆಯ ಸಿಮೆಂಟು ಕಾರ್ಖಾನೆಯವರು ಇದನ್ನು ಚೆನ್ನಾಗಿ ಬಲ್ಲರು.

ಸರ್ಕಾರಿ ನೌಕರರ ಮಾತು ಇನ್ನೂ ಬೇರೆ. ತಮಿಳುನಾಡಿನ ನೌಕರರ ಸಂಪಿನ ಕೇಸಿನಲ್ಲಿ 2003ರಲ್ಲಿ ಸುಪ್ರೀಂ ಕೋರ್ಟ್ ಸರ್ಕಾರಿ ನೌಕರರಿಗೆ ಸಂಪಿನ ಹಕ್ಕೇ ಇಲ್ಲ ಎಂದಿತು. 2020ರ ಡಿಸೆಂಬರಿನಲ್ಲಿ ಬಸ್ ನೌಕರರು ನಮ್ಮನ್ನು ಸರ್ಕಾರಿ ನೌಕರರೆಂದು ಪರಿಗಣಿಸಿ ಎಂದು ಸಂಪು ಹೂಡಿದ್ದು ನೆನಪಿರಬಹುದು. ಆ ಬೇಡಿಕೆ ಈಡೇರಿದ್ದರೆ ಪಗಾರ ಹೆಚ್ಚುತ್ತಿತ್ತು ನಿಜ. ಅದರ ಜೊತೆಗೇ ಸಂಪಿನ ದಾರಿಯೂ ಕಾರ್ಮಿಕ ಕೋರ್ಟಿನ ಬಾಗಿಲೂ ಮುಚ್ಚಿಕೊಳ್ಳುವ ಸಂಭವವಿತ್ತು. ಇದನ್ನು ಆಗ ಡಿಪೋಗಳಲ್ಲಿ ಬಿಡಿಸಿ ಹೇಳಿದವರು ಕಡಿಮೆ.

ಹೊಸ ಸಂಹಿತೆ ಬಂತು

ಇಷ್ಟೆಲ್ಲ ಹಳೇ ಲೆಕ್ಕ. 2025ರ ನವೆಂಬರ್ 21ರಂದು ಕೇಂದ್ರ ಸರ್ಕಾರ ನಾಲ್ಕು ಕಾರ್ಮಿಕ ಸಂಹಿತೆಗಳನ್ನು ಜಾರಿಗೆ ತಂದಿತು. 1947ರ ಕಾಯ್ದೆಯ ಜಾಗಕ್ಕೆ 2020ರಲ್ಲಿ ಪಾಸಾಗಿದ್ದ ಕೈಗಾರಿಕಾ ಸಂಬಂಧಗಳ ಸಂಹಿತೆ ಬಂದು ಕೂತಿತು. ಇದರಲ್ಲಿ ಸಂಪಿನ ಕಟ್ಟಳೆ ಬಿಗಿಯಾಗಿದೆ.

ನೋಟೀಸಿನ ಕಟ್ಟು ಈಗ ಬಸ್ಸು, ನೀರು, ದೀಪದ ಸೇವೆಗಷ್ಟೇ ಅಲ್ಲ. ಎಲ್ಲ ಕೈಗಾರಿಕಾ ಸಂಸ್ಥೆಗೂ ಬಂತು. ಕಪನೂರಿನ ಸಣ್ಣ ಕಾರ್ಖಾನೆಯೂ ಇದರೊಳಗೇ. "ಅರವತ್ತು ದಿನದ ನೋಟೀಸು ಕೊಡಬೇಕು" ಎಂದು ಹಲವರು ತಿಳಿದಿದ್ದಾರೆ. ಅದು ಪೂರ್ತಿ ಸರಿಯಲ್ಲ. ನೋಟೀಸು ಕೊಟ್ಟು 14 ದಿನ ಕಾಯಬೇಕು. ಕೊಟ್ಟ ನೋಟೀಸಿನ ಜೀವ 60 ದಿನ. ಆ ನಡುವೆ ಸಂಧಾನದ ಮೊದಲ ಸಭೆ ಸೇರಿತೆಂದರೆ ಮತ್ತೆ ಕೈ ಕಟ್ಟಿದಂತೆ. ಅರ್ಧಕ್ಕರ್ಧ ನೌಕರರು ಒಂದೇ ದಿನ ಒಟ್ಟಾಗಿ ಕ್ಯಾಜುವಲ್ ರಜೆ ಹಾಕಿದರೆ ಅದೂ ಸಂಪೇ. 50 ರೂಪಾಯಿಯ ದಂಡ ಹೋಗಿ ಸಾವಿರದಿಂದ ಹತ್ತು ಸಾವಿರ ರೂಪಾಯಿ ಆಯಿತು. ತಿಂಗಳ ಸಜೆ ಹಾಗೇ ಉಳಿಯಿತು.

ಒಳ್ಳೆಯದೂ ಒಂದಿದೆ. ಪೂಜಾರಿಯ ಕಾಟ ತಪ್ಪಿತು. ಸಂಧಾನ ಮುರಿದುಬಿದ್ದರೆ ಸರ್ಕಾರದ ಸಹಿಗೆ ಕಾಯಬೇಕಾಗಿಲ್ಲ. ಅಧಿಕಾರಿಯ ವರದಿ ಬಂದ 90 ದಿನದೊಳಗೆ ಯಾವ ಕಡೆಯವರಾದರೂ ನೆಟ್ಟಗೆ ಅರ್ಜಿ ಹಾಕಬಹುದು. ಆದರೆ ಎಲ್ಲಿಗೆ?

ಪ್ರಶ್ನೆ ಹುಟ್ಟುವುದು ಇಲ್ಲಿಯೇ. ಹೊಸ ಸಂಹಿತೆಯಲ್ಲಿ ಕಾರ್ಮಿಕ ಕೋರ್ಟು ಎಂಬುದೇ ಇಲ್ಲ. ಇರುವುದು ಕೈಗಾರಿಕಾ ನ್ಯಾಯಮಂಡಳಿ ಒಂದೇ. ಅದರಲ್ಲಿ ಇಬ್ಬರು ಸದಸ್ಯರು. ಒಬ್ಬರು ನ್ಯಾಯಾಂಗದ ಕಡೆಯವರು, ಇನ್ನೊಬ್ಬರು ಆಡಳಿತದ ಕಡೆಯವರು. ಸಣ್ಣಪುಟ್ಟ ಕೇಸನ್ನು ಒಬ್ಬರೇ ನೋಡಬಹುದು. ಆದರೆ ಇಬ್ಬರೂ ಕೂತೇ ನೋಡಬೇಕಾದ ಕೇಸುಗಳ ಪಟ್ಟಿ ಬೇರೆಯೇ ಇದೆ. ವಜಾ ಅದರಲ್ಲಿದೆ. ಸಂಪು ಅಕ್ರಮವೋ ಅಲ್ಲವೋ ಎಂಬುದೂ ಅದರಲ್ಲೇ ಇದೆ.

ಹಿಂದೆ ಕಲಬುರಗಿಯ ಕಾರ್ಮಿಕ ಕೋರ್ಟಿನಲ್ಲಿ ಒಬ್ಬರೇ ನ್ಯಾಯಾಧೀಶರು ಕೂತು ಹೇಳಬಹುದಾಗಿದ್ದ ಮಾತನ್ನು ಇನ್ನು ಇಬ್ಬರು ಕೂತು ಹೇಳಬೇಕು. ಇಬ್ಬರಲ್ಲಿ ಒಬ್ಬರ ಹುದ್ದೆ ಖಾಲಿ ಬಿದ್ದರೂ ಕೇಸು ನಿಂತಂತೆ. ಖಾಲಿ ಹುದ್ದೆ ಎಂಬ ಶಬ್ದದ ಅರ್ಥ ಕಲ್ಯಾಣ ಕರ್ನಾಟಕದವರಿಗೆ ಯಾರೂ ಬಿಡಿಸಿ ಹೇಳಬೇಕಾಗಿಲ್ಲ. ಇನ್ನು ಆಡಳಿತದ ಸದಸ್ಯರು ಸರ್ಕಾರಿ ಸೇವೆಯಿಂದ ಬಂದವರಾದರೆ, ಸರ್ಕಾರದ್ದೇ ನಿಗಮದ ಸಂಪಿನ ಕೇಸನ್ನು ನೋಡುವಾಗ ನೌಕರನ ಮನಸ್ಸಿನಲ್ಲಿ ಹಳೇ ಸೀಟಿಯ ಪ್ರಶ್ನೆ ಮತ್ತೆ ಏಳದೆ ಇರುವುದಿಲ್ಲ.

ಹೊಸ ನ್ಯಾಯಮಂಡಳಿಗಳು ಕೂಡುವ ತನಕ ಹಳೇ ಕೋರ್ಟುಗಳೇ ಹಳೆಯ, ಹೊಸ ಕೇಸುಗಳನ್ನು ನೋಡಲಿ ಎಂದು 2025ರ ಡಿಸೆಂಬರಿನಲ್ಲಿ ಕೇಂದ್ರ ಆದೇಶ ಹೊರಡಿಸಿತು. ಅಂದರೆ ಮನೆ ಖಾಲಿ ಮಾಡುವ ನೋಟೀಸು ಬಂದಿದೆ, ಹೊಸ ಮನೆ ಸಿಗುವ ತನಕ ಇರಿ ಎಂದಂತೆ.

ಕಲಬುರಗಿ ಕೇಳಬೇಕಾದ ಮಾತು

ಹೈಕೋರ್ಟಿನ ಪೀಠಕ್ಕಾಗಿ ಈ ಊರು ಎಷ್ಟು ವರ್ಷ ಕೂಗಿತು ಎಂಬುದು ಹಿರಿಯರಿಗೆ ಗೊತ್ತು. 2008ರಲ್ಲಿ ಸಂಚಾರಿ ಪೀಠ ಬಂತು, 2013ರಲ್ಲಿ ಕಾಯಂ ಆಯಿತು. ಬೆಂಗಳೂರಿಗೆ ರಾತ್ರಿಯಿಡೀ ಪ್ರಯಾಣ ಮಾಡಿ, ವಕೀಲರ ಆಫೀಸಿನ ಮುಂದೆ ಕೂತು, ವಾಯಿದೆ ಬಿತ್ತು ಎಂದು ತಿರುಗಿ ಬರುವ ಹೈರಾಣ ತಪ್ಪಿತು. ಆಗ ಬಾರ್ ಅಸೋಸಿಯೇಶನ್ನು, ವ್ಯಾಪಾರಿಗಳು, ಪಕ್ಷಗಳು ಎಲ್ಲ ಒಂದಾಗಿದ್ದವು.

ಕಾರ್ಮಿಕ ಕೋರ್ಟಿನ ವಿಷಯಕ್ಕೆ ಅಂಥ ಗದ್ದಲ ಏಳುವ ಲಕ್ಷಣ ಕಡಿಮೆ. ಅಲ್ಲಿಗೆ ಹೋಗುವವರು ದೊಡ್ಡವರಲ್ಲ. ಎರಡು ರೂಪಾಯಿ ಟಿಕೆಟ್ ಹರಿಯಲಿಲ್ಲ ಎಂದು ಅಮಾನತಾದ ಕಂಡಕ್ಟರ್, ಅಪಘಾತವಾಯಿತು ಎಂದು ಮನೆಗೆ ಕಳಿಸಲಾದ ಡ್ರೈವರ್, ದಿನಗೂಲಿ ನೌಕರ. ಹೊಸ ನ್ಯಾಯಮಂಡಳಿಯ ಪೀಠ ಕಲಬುರಗಿಯಲ್ಲಿ ಕೂತರೆ ಕಮಲಾಪುರದವನು ಬೆಳಿಗ್ಗೆ ಬಸ್ಸು ಹತ್ತಿ ಸಂಜೆ ಮನೆ ಸೇರಬಹುದು. ಬೇರೆ ಊರಿಗೆ ಹೋದರೆ ಅವನು ಒಂದೊಂದು ವಾಯಿದೆಗೆ ಎರಡು ದಿನದ ಕೂಲಿ, ವಕೀಲರ ಖರ್ಚು, ಊಟ, ವಸತಿ ಹೊರಬೇಕು. ನ್ಯಾಯ ಸಿಗುವ ಮೊದಲೇ ಅರ್ಧ ಜನ ಕೈಬಿಡುತ್ತಾರೆ. ಹಾಗೆ ಕೈಬಿಟ್ಟರೆ ಸಂಪು ಅಕ್ರಮ ಎಂದು ಮೊದಲ ದಿನ ಹೇಳಿದವರ ಮಾತೇ ಕೊನೆಯ ತೀರ್ಪಾಗುತ್ತದೆ.

ಇದರಲ್ಲಿ ಅಂಗಡಿಕಾರರಿಗೂ ಪ್ಯಾಸೆಂಜರಿಗೂ ಏನು ಲಾಭ ಎಂದು ಕೇಳಬಹುದು. ಲಾಭ ಇದೆ. ಜಗಳ ಬಿಡಿಸುವ ಕೋರ್ಟು ಹತ್ತಿರದಲ್ಲಿದ್ದು, ಬೇಗ ತೀರ್ಪು ಕೊಟ್ಟರೆ ಬೀದಿಗಿಳಿಯುವ ಅವಸರ ಎರಡೂ ಕಡೆಯವರಿಗೂ ಕಡಿಮೆಯಾಗುತ್ತದೆ. 38 ತಿಂಗಳ ಬಾಕಿಯ ಲೆಕ್ಕ ಒಂದು ಮೇಜಿನ ಮುಂದೆ ಇತ್ಯರ್ಥವಾಗುವಂತಿದ್ದರೆ ಆಗಸ್ಟಿನ ಆ ಬೆಳಿಗ್ಗೆ ಬಸ್ಸು ನಿಲ್ಲಿಸುವ ಕಾರಣ ಉಳಿಯುತ್ತಿರಲಿಲ್ಲ. ಹೈಕೋರ್ಟು ಪ್ರತಿ ಸಲ ಸಂಪು ನಿಲ್ಲಿಸಬಹುದು. ಸಂಪಿನ ಬೇರನ್ನು ಕೀಳಬೇಕಾದದ್ದು ಕೆಳಗಿನ ಈ ಕೋರ್ಟೇ.

ಆದ್ದರಿಂದ ಜಿಲ್ಲೆಯ ಶಾಸಕರು, ಮಂತ್ರಿಗಳು, ಬಾರಿನ ವಕೀಲರು, ಯೂನಿಯನ್ನುಗಳು ಕೇಳಬೇಕಾದದ್ದು ಎರಡೇ ಮಾತು. ಹೊಸ ನ್ಯಾಯಮಂಡಳಿಯ ಪೀಠ ಕಲಬುರಗಿಯಲ್ಲೇ ಇರಬೇಕು. ಅದರ ಎರಡು ಕುರ್ಚಿಗಳೂ ತುಂಬಿರಬೇಕು.

ಮುಂದಿನ ಸಲ ಸಂಪಾದಾಗ ಕಮಲಾಪುರದ ನಿಲ್ದಾಣದಲ್ಲಿ ದುಕಾನದವ ಮತ್ತೆ ಅದೇ ಪ್ರಶ್ನೆ ಕೇಳುತ್ತಾನೆ. "ಅದನ್ನ ಹೇಳೋ ಕೋರ್ಟ್ ಕಲಬುರಗ್ಯಾಗೇ ಅದ ನೋಡ್ರಿ ಸಾವಕಾರ್ರ" ಎಂಬ ಉತ್ತರ ಆಗಲೂ ಖರೇ ಇರಬೇಕು. ಇಲ್ಲದಿದ್ದರೆ ಮತ್ತೆ ಟಂಟಂ ಹತ್ತುವುದು, ಎರಡು ಪಟ್ಟು ಬಾಡಿಗೆ ಕೊಡುವುದು, ಕುರಿಕೋಟಾ ಸೇತುವೆ ದಾಟುವ ತನಕ ಯಾರನ್ನಾದರೂ ಬೈಯುವುದು, ಅಷ್ಟೇ.